ತಾವರೆಕೊಳದಲ್ಲಿ ಮಗ್ಗದ ಗುಂಡಿ

ಹತ್ತಿ ಸೀರೆಗೆ ಮನೆಯಲ್ಲೇ ಗಂಜಿ ಹಾಕುವವರು ಈಗ ಎಷ್ಟು ಜನ ಉಳಿದಿದ್ದಾರೋ ನನಗೆ ಗೊತ್ತಿಲ್ಲ. ನಾನಂತೂ ಬಿಟ್ಟಿಲ್ಲ. ಅನ್ನ ಬಸಿದ ಗಂಜಿಯನ್ನು ಮುಚ್ಚಿಟ್ಟು ಮಾರನೆಯ ಬೆಳಿಗ್ಗೆ ಮುಚ್ಚಳ ತೆಗೆಯುತ್ತೇನೆ. ಹುಳಿಗೆ ತಿರುಗಲೋ ಬೇಡವೋ ಎಂದು ಯೋಚಿಸುತ್ತಿರುವಂಥ ಒಂದು ವಾಸನೆ ಮೇಲೇಳುತ್ತದೆ. ನನ್ನ ಸೊಸೆ ಸೆರಗಿನಿಂದ ಮೂಗು ಮುಚ್ಚಿಕೊಂಡು ಬಾಲ್ಕನಿಗೆ ಹೋಗಿಬಿಡುತ್ತಾಳೆ. ಅವಳ ಮೇಲೆ ನನಗೇನೂ ಕೋಪವಿಲ್ಲ. ಅವಳ ಪಾಲಿಗೆ ಅದು ಕೆಟ್ಟುಹೋದ ಅನ್ನದ ನೀರು. ನನ್ನ ಪಾಲಿಗೆ ಅದು ಸೇಲಂನ ಗುಗೈಯಲ್ಲಿದ್ದ ನಮ್ಮ ಬೀದಿ, ಇನ್ನೂ ಪೂರ್ತಿ ಬೆಳಕಾಗದ ಹೊತ್ತು, ಉದ್ದಕ್ಕೂ ಎಳೆದು ಕಟ್ಟಿದ ಒದ್ದೆ ನೂಲು, ನೂಲಿನ ಆಚೆಗೊಬ್ಬರು ಈಚೆಗೊಬ್ಬರು ನಿಂತ ನನ್ನವರು. ಆ ಗಂಜಿಗೆ ಒಂದು ಹನಿ ಕಡಲೆಕಾಯಿ ಎಣ್ಣೆ ಬೆರೆಸಿದರೆ ವಾಸನೆ ಪೂರ್ತಿಯಾಗುತ್ತದೆ. ಸೀರೆಗೆ ಎಣ್ಣೆ ಬೇಕಿಲ್ಲ, ನೂಲಿಗೆ ಬೇಕಿತ್ತು. ಆದರೂ ಮನೆಯಲ್ಲಿ ಯಾರೂ ಇಲ್ಲದಾಗ ಒಂದು ಹನಿ ಬೆರೆಸಿ ಸ್ವಲ್ಪ ಹೊತ್ತು ಸುಮ್ಮನೆ ನಿಂತಿರುತ್ತೇನೆ. ನಿಮಗೂ ಇಂಥದ್ದೊಂದು ವಾಸನೆ ಇದ್ದೀತು, ಮನೆಯವರಿಗೆ ಹೇಳಿದರೆ ನಗುತ್ತಾರೆಂದು ಹೇಳದೇ ಇಟ್ಟುಕೊಂಡದ್ದು.

ನಮ್ಮದು ನೇಯುವವರ ಮನೆ. ಮನೆಯೊಳಗೆ ಹಕಾರ ನುಂಗಿದ ಕನ್ನಡ, ಹೊಸ್ತಿಲು ದಾಟಿದರೆ ತಮಿಳು, ನೂಲಿನ ವಿಷಯಕ್ಕೆ ಬಂದರೆ ಎರಡನ್ನೂ ಕಲಸಿದ ನಮ್ಮದೇ ಒಂದು ಭಾಷೆ. ಬಾಗಿಲು ದಾಟಿ ಒಳಗೆ ಬಂದರೆ ಪಡಸಾಲೆಯಲ್ಲಿ ಮೂರು ಮಗ್ಗ, ಮೂರಕ್ಕೂ ನೆಲದಲ್ಲಿ ತೋಡಿದ ಗುಂಡಿ. ನೇಯುವವರು ಗುಂಡಿಯ ಅಂಚಿನಲ್ಲಿ ಕೂತು ಕಾಲು ಇಳಿಬಿಟ್ಟು, ಕೆಳಗಿನ ಹಲಗೆಗಳನ್ನು ತುಳಿಯುತ್ತಾ ಲಾಳಿ ಓಡಿಸುತ್ತಿದ್ದರು. ಹೊರಗಿನಿಂದ ಬಂದವರಿಗೆ ನಮ್ಮ ಮನೆಯ ದೊಡ್ಡವರೆಲ್ಲ ಅರ್ಧರ್ಧವೇ ಕಾಣುತ್ತಿದ್ದರು. ನನಗೆ ತೀರಾ ಚಿಕ್ಕಂದಿನಲ್ಲಿ, ದೊಡ್ಡವರಾದ ಮೇಲೆ ಕಾಲು ಊಟದ ಹೊತ್ತಿಗೆ ಮಾತ್ರ ಬರುತ್ತದೆ ಎಂಬ ನಂಬಿಕೆಯಿತ್ತು. ಬಾಗಿಲ ಪಕ್ಕದ ಮಗ್ಗ ಅಪ್ಪನದು, ನಡುವಿನದು ಕಂದಪ್ಪ ಮಾಮನದು, ಕಿಟಕಿಯ ಕೆಳಗಿನದು ರುಕ್ಕತ್ತೆಯದು. ರುಕ್ಕತ್ತೆ ಎಂದರೆ ಅಪ್ಪನ ತಂಗಿ ರುಕ್ಮಿಣಿ. ಕಂದಪ್ಪ ಮಾಮ ಅವಳ ಗಂಡ, ಎಡಪ್ಪಾಡಿಯ ಕಡೆಯವರು, ಮದುವೆಯಾದ ಮೇಲೆ ನಮ್ಮಲ್ಲೇ ಬಂದು ಉಳಿದವರು. ಮಾತಿಗೆ ಬದಲು ಕೆಮ್ಮುತ್ತಿದ್ದರು. ಆಗಲಿ ಎನ್ನಲೂ ಕೆಮ್ಮು, ಬೇಡ ಎನ್ನಲೂ ಕೆಮ್ಮು. ಅದರ ವ್ಯತ್ಯಾಸ ಅತ್ತೆಯೊಬ್ಬಳಿಗೆ ಮಾತ್ರ ತಿಳಿಯುತ್ತಿತ್ತು.

ಹೆಂಗಸರು ಮಗ್ಗಕ್ಕೆ ಇಳಿಯುವ ರೂಢಿ ನಮ್ಮಲ್ಲಿ ಅಷ್ಟಾಗಿ ಇರಲಿಲ್ಲ. ನೂಲು ಸುತ್ತುವುದು, ತೊಳೆಯುವುದು, ಬಣ್ಣಕ್ಕೆ ಹಾಕುವುದು ಅವರ ಕೆಲಸ. ತಾತ ತೀರಿಕೊಂಡು ಅವರ ಮಗ್ಗ ಖಾಲಿ ಬಿದ್ದಾಗ, ಅದನ್ನು ನೋಡಲಾರದೆ ಅತ್ತೆ ಹುಡುಗಿಯಾಗಿದ್ದಾಗಲೇ ಹೋಗಿ ಕೂತಳಂತೆ. ಅಜ್ಜಿ ಬೈದರೂ ಏಳಲಿಲ್ಲವಂತೆ. ಹಾಡು ಅವಳಿಗೆ ಹತ್ತಿದ್ದು ಆ ಗುಂಡಿಯಲ್ಲೇ. ಭಜನೆ ಮನೆಯಲ್ಲಿ ಕೇಳಿದ ಪದಗಳು, ನಮ್ಮ ಕುಲದೇವತೆ ಚೌಡಮ್ಮನ ಹಬ್ಬಕ್ಕೆ ಹೆಂಗಸರು ಹೇಳುವ ಪದಗಳು, ನಾಟಕದವರು ಬಂದು ಹೋದ ಮೇಲೆ ಬೀದಿಯಲ್ಲಿ ಉಳಿದ ತಮಿಳು ಹಾಡುಗಳು, ಎಲ್ಲವನ್ನೂ ಅವಳು ಮಗ್ಗದ ಲಯಕ್ಕೆ ಹೊಂದಿಸಿಕೊಂಡಿದ್ದಳು. ಕಾಲು ತುಳಿದರೆ ದನಿ ಏಳುತ್ತಿತ್ತು, ಕಾಲು ನಿಂತರೆ ದನಿಯೂ ನಿಲ್ಲುತ್ತಿತ್ತು. ಅವಳ ದನಿ ಸಣ್ಣದಲ್ಲ, ತುಂಬಿದ ಕೊಡದ ದನಿ. ನೂಲಿನ ಗಂಟು ಹೊತ್ತು ಬೀದಿಯಲ್ಲಿ ಹೋಗುತ್ತಿದ್ದವರು ನಮ್ಮ ಕಿಟಕಿಯ ಹತ್ತಿರ ಬಂದಾಗ ಗಂಟು ಇಳಿಸಿ ಬೆವರು ಒರೆಸಿಕೊಳ್ಳುತ್ತಿದ್ದರು. ಎಲ್ಲರಿಗೂ ಅದೇ ಜಾಗದಲ್ಲಿ ಯಾಕೆ ಬೆವರು ಬರುತ್ತದೆ ಎಂದು ಅಜ್ಜಿ ಕೇಳುತ್ತಿದ್ದಳು. ಬೈಗುಳದ ಹಾಗೆ ಕೇಳಿದರೂ ಅದರಲ್ಲಿ ಹೆಮ್ಮೆಯಿತ್ತು.

ಇನ್ನು ಪಾವಿನ ವಿಷಯ ಹೇಳದಿದ್ದರೆ ಮುಂದಿನದು ನಿಮಗೆ ತಿಳಿಯುವುದಿಲ್ಲ. ಮಗ್ಗಕ್ಕೆ ಏರಿಸುವ ಉದ್ದನೆಯ ಹಾಸುನೂಲಿಗೆ ನಾವು ಪಾವು ಎನ್ನುತ್ತಿದ್ದೆವು. ಅದನ್ನು ಬೀದಿಯ ಉದ್ದಕ್ಕೂ ಬಿದಿರಿನ ಗಳುಗಳ ಮೇಲೆ ಎಳೆದು ಕಟ್ಟಿ, ಗಂಜಿ ಬಳಿದು, ಅಗಲವಾದ ಕುಂಚದಿಂದ ತೀಡಬೇಕು. ಬಿಸಿಲು ಏರುವ ಮೊದಲೇ ಎಲ್ಲ ಮುಗಿಯಬೇಕು. ಇಲ್ಲವಾದರೆ ಎಳೆಗಳು ಒಂದಕ್ಕೊಂದು ಅಂಟಿ ಹಗ್ಗದಂತಾಗಿ, ಅಷ್ಟು ನೂಲೂ ಹಾಳು. ಇದು ಒಂದು ಮನೆಯವರಿಂದ ಆಗುವ ಕೆಲಸವಲ್ಲ. ಹಾಗಾಗಿ ಯಾರ ಮನೆಯ ಪಾವಾದರೂ ಬೀದಿಯ ಪ್ರತಿ ಮನೆಯಿಂದ ಒಬ್ಬರು ಬಂದು ನಿಲ್ಲುತ್ತಿದ್ದರು. ಕರೆಯುವ ಪದ್ಧತಿಯೂ ಇಲ್ಲ, ಕೂಲಿಯ ಮಾತೂ ಇಲ್ಲ. ಗಳು ನೆಟ್ಟ ಸದ್ದು ಕೇಳಿದರೆ ಬಾಗಿಲುಗಳು ತೆರೆಯುತ್ತಿದ್ದವು. ತೆರೆಯದಿದ್ದರೆ ಅದೇ ಶಿಕ್ಷೆ. ನಮ್ಮ ಬೀದಿಯಲ್ಲಿ ಯಾರನ್ನಾದರೂ ಹೊರಗಿಟ್ಟರೆ ಪಂಚಾಯಿತಿ ಸೇರಿಸಿ ಸಾರುತ್ತಿರಲಿಲ್ಲ, ಅವರ ಪಾವಿಗೆ ಹೋಗುತ್ತಿರಲಿಲ್ಲ, ಅಷ್ಟೇ. ಒಮ್ಮೆ ನಾನೇ ನೋಡಿದ್ದೇನೆ. ಬೀದಿಯ ಕೊನೆಯ ಮನೆಯವನು ಏನು ತಪ್ಪು ಮಾಡಿದ್ದನೋ ನನಗೆ ತಿಳಿಯದು. ಅವನು, ಅವನ ಹೆಂಡತಿ, ಇಬ್ಬರು ಮಕ್ಕಳು ಆ ಉದ್ದದ ನೂಲಿನ ಈ ಕೊನೆಯಿಂದ ಆ ಕೊನೆಗೆ ಓಡಾಡುತ್ತಿದ್ದರು. ಬಿಸಿಲು ಬಂತು. ಹೆಂಡತಿ ಅಂಟಿಕೊಂಡ ನೂಲನ್ನು ಉಗುರಿನಿಂದ ಬಿಡಿಸುತ್ತಾ ಅಲ್ಲೇ ಕೂತುಬಿಟ್ಟಳು. ಆ ಮೇಲೆ ಅವರು ಮನೆ ಖಾಲಿ ಮಾಡಿ ಮೇಚೇರಿಯ ಕಡೆ ಹೋದರು. ಕುರಿ ಕಾಯುತ್ತಿದ್ದಾರೆ ಎಂದು ಯಾರೋ ಹೇಳಿದರು. ಆ ಹೆಂಗಸಿನ ಉಗುರು ನನ್ನ ಕನಸಿನಲ್ಲಿ ಬಹಳ ದಿನ ಬಂತು.

ಅತ್ತೆಯ ಹಾಡು ಮೊದಲು ಪ್ಲೇಟಿಗೆ ಹೋಯಿತು. ಗ್ರಾಮಫೋನ್ ಕಂಪನಿಯವರೊಬ್ಬರು ಹಬ್ಬಕ್ಕೆ ಬಂದಿದ್ದಾಗ ಕೇಳಿ, ಅವಳನ್ನೂ ಅಜ್ಜಿಯನ್ನೂ ಮದ್ರಾಸಿಗೆ ಕರೆಸಿಕೊಂಡರು. ಅಲ್ಲಿ ಕುರ್ಚಿಯ ಮೇಲೆ ಕೂರಿಸಿ ಹಾಡು ಎಂದರೆ ಅತ್ತೆಯ ಕಾಲು ತನ್ನಷ್ಟಕ್ಕೆ ನೆಲ ತುಳಿಯತೊಡಗಿತಂತೆ, ಒಮ್ಮೆ ಬಲಗಾಲು, ಒಮ್ಮೆ ಎಡಗಾಲು, ಮಗ್ಗದಲ್ಲಿ ತುಳಿದ ಹಾಗೆಯೇ. ಆ ಧಪಧಪ ಸದ್ದು ಪ್ಲೇಟಿನಲ್ಲಿ ಕೇಳಿಸುತ್ತದೆಂದು ಅವರು ಕಾಲಡಿಗೆ ಜಮಖಾನ ಮಡಿಸಿ ಹಾಕಿದರಂತೆ. ಅದನ್ನು ಅಜ್ಜಿ ಬೀದಿಗೆಲ್ಲ ಹೇಳಿ ನಗಿಸಿದಳು. ಪ್ಲೇಟು ಬಂದಾಗ ಬೀದಿಯವರೆಲ್ಲ ಸೇರಿ, ಯಜಮಾನರ ಮನೆಯ ಜಗಲಿಯ ಮೇಲೆ ಬಾಡಿಗೆಯ ಗ್ರಾಮಫೋನ್ ಇಟ್ಟು ಕೇಳಿದರು. ಯಜಮಾನರು ಎಂದರೆ ನಮ್ಮ ಬೀದಿಯ ಹಿರಿಯರು, ನಮ್ಮ ಎದುರು ಮನೆಯವರು. ಅಪ್ಪನಿಗೆ ಮಗ್ಗ ಕಲಿಸಿದವರು, ನನಗೆ ಚೌಡಿ ಎಂದು ಹೆಸರಿಟ್ಟವರು. ಅವರು ಕಣ್ಣು ಮುಚ್ಚಿ ಪೂರ್ತಿ ಕೇಳಿ, ಇನ್ನೊಂದು ಸಲ ಹಾಕಿಸಿದರು. ಅಲ್ಲಿಯವರೆಗೆ ಎಲ್ಲ ಸರಿಯಿತ್ತು.

ಪ್ಲೇಟಿನ ಹಿಂದೆ ಪಡ ಬಂತು, ಸಿನಿಮಾಕ್ಕೆ ನಾವು ಪಡ ಎನ್ನುತ್ತಿದ್ದೆವು. ಸೇಲಂನ ಹೊರಗೆ ಬೆಟ್ಟದ ಕಡೆ ಹೋಗುವ ರಸ್ತೆಯಲ್ಲಿ ಹೊಸದಾಗಿ ಒಂದು ಸ್ಟುಡಿಯೋ ಎದ್ದಿತ್ತು. ಅಲ್ಲಿನ ಡೈರೆಕ್ಟರು ನಮ್ಮ ಮನೆಗೇ ಬಂದರು, ಟೋಪಿ ಹಾಕಿದ ಭಾರಿ ಆಳು, ಮಗ್ಗದ ಗುಂಡಿಗೆ ಬೀಳದಂತೆ ಗೋಡೆಗೆ ಒತ್ತಿಕೊಂಡು ನಡೆದರು. ರಾಜಕುಮಾರಿಯ ಗೆಳತಿಯ ಪಾತ್ರ, ಒಂದೇ ಹಾಡು, ಒಂದೇ ದಿನದ ಕೆಲಸ ಎಂದರು. ಅತ್ತೆಯ ಮುಖ ಅವತ್ತು ಹೇಗಾಯಿತೆಂದು ನನಗೆ ಇನ್ನೂ ನೆನಪಿದೆ. ಆಸೆಯನ್ನು ಬಚ್ಚಿಡಲು ಅವಳಿಗೆ ಬರುತ್ತಿರಲಿಲ್ಲ, ಲಾಳಿಯನ್ನು ಕೈಯಲ್ಲಿ ಹಿಡಿದು ಅದನ್ನೇ ತಿರುಗಿಸಿ ತಿರುಗಿಸಿ ನೋಡುತ್ತಿದ್ದಳು. ಅಪ್ಪ ಹೋಗಿ ಯಜಮಾನರನ್ನು ಕರೆತಂದರು. ಅವರು ಬಂದು ಜಗಲಿಯ ಮೇಲೆ ಕೂತು, ಅಜ್ಜಿ ಕೊಟ್ಟ ಮಜ್ಜಿಗೆ ಕುಡಿದು, ನಿಧಾನವಾಗಿ ಮಾತಾಡಿದರು.

"ಪ್ಲೇಟಾಗೆ ದನಿ ಐತೆ, ಮಕ ಇಲ್ಲ. ಪಡದಾಗೆ ಮಕ, ಮೈ, ಎಲ್ಲಾ ಐತೆ. ನಮ್ ಬೀದಿ ಎಣ್ಣುಮಗ ಅಲ್ಲಿ ಎಂಗೆ ನಿಂತಾಳೆ, ಎಂಗೆ ಕುಂತಾಳೆ, ಅದು ನೋಡ್ಬೇಕು. ಬ್ಯಾಡ ಅನ್ನಾಕಿಲ್ಲ ನಾನು. ಪಡ ಬರ್ಲಿ. ನೋಡಿದ್ಮೇಲೆ ಏಳ್ತೀನಿ."

ಹೊರಡುವಾಗ ಚಪ್ಪಲಿ ಮೆಟ್ಟಿಕೊಳ್ಳುತ್ತಾ, ಮೆತ್ತಗೆ, ಬೇರೇನೋ ವಿಷಯ ಕೇಳುವವರಂತೆ ಅಂದರು: "ಪಾವು ಒಬ್ರೇ ಆಕ್ಕೊಳ್ಳಾಕೆ ಆಯ್ತದಾ, ಚೆನ್ನಪ್ಪ?"

ಆ ಪ್ರಶ್ನೆಗೆ ಏನು ಅರ್ಥವೆಂದು ನನಗೂ ತಿಳಿಯಿತು. ಕೊನೆಯ ಮನೆಯ ಹೆಂಗಸಿನ ಉಗುರು ಕಣ್ಣ ಮುಂದೆ ಬಂತು. ಯಜಮಾನರು ಹೋದ ಮೇಲೆ ಯಾರೂ ಮಗ್ಗಕ್ಕೆ ಇಳಿಯಲಿಲ್ಲ. ಅತ್ತೆಯೇ ಮೊದಲು, "ಬ್ಯಾಡ ಅಣ್ಣಾ, ಬುಟ್ಬುಡು. ಒಂದ್ ಆಡಿಗೆ ಮನೆ ಯಾಕೆ ಆಳಾಗ್ಬೇಕು," ಎಂದಳು. ಅದನ್ನು ಹೇಳುವಾಗ ಅವಳ ದನಿ ತುಂಬಿದ ಕೊಡವಾಗಿರಲಿಲ್ಲ. ಆಗ ಕಂದಪ್ಪ ಮಾಮ ಕೆಮ್ಮಿದರು. ಅತ್ತೆ ತಲೆಯೆತ್ತಿ ಅವರನ್ನೇ ನೋಡಿದಳು. ಮತ್ತೊಮ್ಮೆ ಕೆಮ್ಮಿದರು. ಅತ್ತೆಯ ಕಣ್ಣಲ್ಲಿ ನೀರು ಬಂತು. ಅಜ್ಜಿ ತಾಳ್ಮೆ ಕಳೆದುಕೊಂಡು, "ಏನಂತೆ ಅವುನ್ದು? ಬಾಯ್ಬುಟ್ಟು ಏಳ್ಲಾ ಕಂದಾ," ಎಂದಳು. ಮಾಮ ಅಜ್ಜಿಯ ಕಡೆ ತಿರುಗಿ ಗಂಟಲು ಸರಿಮಾಡಿಕೊಂಡು, "ಓಗ್ಲಿ ಅತ್ತೆ. ಅವ್ಳು ಆಡ್ದೇ ಇದ್ರೆ ನಂಗೆ ನೇಯಾಕಾಗಾಕಿಲ್ಲ," ಎಂದರು. ಅಷ್ಟು ಉದ್ದದ ಮಾತು ಅವರ ಬಾಯಿಂದ ಬಂದದ್ದನ್ನು ನಾನು ಮೊದಲು ಕೇಳಿದ್ದು ಅವತ್ತೇ.

ಸ್ಟುಡಿಯೋಗೆ ಅತ್ತೆಯ ಜತೆ ಅಜ್ಜಿ, ಮಾಮ ಹೋದರು. ಹಠ ಮಾಡಿ ನಾನೂ ಜಟಕಾ ಹತ್ತಿದೆ. ಒಂದು ದೊಡ್ಡ ತೋಟ, ನಡುವೆ ಹಲಗೆಯ ಅರಮನೆ, ಮುಂದೆ ಕಂಬ ಮಾತ್ರ ಇದ್ದು ಹಿಂದೆ ಏನೂ ಇಲ್ಲದ ಅರಮನೆ. ಆಗೆಲ್ಲ ಹಾಡನ್ನೂ ಚಿತ್ರವನ್ನೂ ಒಟ್ಟಿಗೇ ಹಿಡಿಯುತ್ತಿದ್ದರು. ಹಾರ್ಮೋನಿಯಂ, ಪಿಟೀಲು, ತಬಲದವರು ಗಿಡದ ಮರೆಯಲ್ಲಿ ಕುಕ್ಕುರುಗಾಲಲ್ಲಿ ಕೂತು ನುಡಿಸಬೇಕು, ಮುಂದೆ ನಿಂತವರು ಹಾಡಬೇಕು. ಅತ್ತೆಗೆ ಮುಖಕ್ಕೆಲ್ಲ ಬಣ್ಣ ಬಳಿದು, ಜರಿ ಸೀರೆ ಉಡಿಸಿ, ಒಂದು ಕಂಬಕ್ಕೆ ಒರಗಿಸಿ ನಿಲ್ಲಿಸಿದರು. ಅವಳು ಹಾಡಲು ಶುರುಮಾಡಿದಳು. ಎರಡು ಸಾಲು ಆಗುವಷ್ಟರಲ್ಲಿ ಡೈರೆಕ್ಟರು ಕೈಯೆತ್ತಿ ನಿಲ್ಲಿಸಿದರು. ಕಾಲು! ಸೀರೆಯ ನೆರಿಗೆಯೊಳಗೆ ಬಲಗಾಲು ಎಡಗಾಲು ಏರಿಳಿಯುತ್ತಾ, ಇಡೀ ಮೈ ಆ ಕಡೆ ಈ ಕಡೆ ತೂಗುತ್ತಿತ್ತು. "ಕಾಲೆ ಆಟ್ಟಾದೀಂಗಮ್ಮಾ" ಎಂದರು, ಕಾಲು ಅಲ್ಲಾಡಿಸಬೇಡಿ ಎಂದು. ಅತ್ತೆ ತಲೆಯಾಡಿಸಿ ಮತ್ತೆ ಶುರುಮಾಡಿದಳು, ಮತ್ತೆ ಕಾಲು ಎದ್ದಿತು. ಗೆಳತಿ ಹಾಡುತ್ತಾಳೋ ಭತ್ತ ತುಳಿಯುತ್ತಾಳೋ ಎಂದು ತಬಲದವನು ಗಿಡದ ಮರೆಯಿಂದಲೇ ಗೊಣಗಿದ. ಕಾಲು ಕಟ್ಟಿದಂತೆ ಬಿಗಿಹಿಡಿದು ನಿಂತರೆ ಅತ್ತೆಯ ದನಿ ಏಳದು. ಗಂಟಲಿನಿಂದ ಯಾರದೋ ಸಣ್ಣ ದನಿ ಬಂತು, ಪ್ಲೇಟಿನಲ್ಲಿ ಕೇಳಿದ್ದರ ನೆರಳೂ ಅಲ್ಲ. ಅವಳು ಅಷ್ಟು ದಿಕ್ಕೆಟ್ಟು ನಿಂತದ್ದನ್ನು ನಾನು ಎಂದೂ ನೋಡಿರಲಿಲ್ಲ. ಇಷ್ಟೆಲ್ಲ ಪಣಕ್ಕಿಟ್ಟು ಬಂದು, ಕೊನೆಗೆ ಹಾಡೇ ಬರದೆ ವಾಪಸ್ಸು ಹೋಗುವ ಹೊತ್ತು ಬಂದಿತ್ತು.

ಕೊನೆಗೆ ಅವಳು ಸೆರಗಿನ ತುದಿ ತಿರುಚುತ್ತಾ ಡೈರೆಕ್ಟರ ಹತ್ತಿರ ಹೋಗಿ ತನ್ನ ಅರೆಬರೆ ತಮಿಳಿನಲ್ಲಿ ಏನೋ ಕೇಳಿದಳು. ಅವರಿಗೆ ಅರ್ಥವಾಗಲಿಲ್ಲ. ಅಜ್ಜಿ ಮುಂದೆ ಬಂದು ಕೈ ತೋರಿಸಿ ವಿವರಿಸಿದಳು, ನೆಲದಲ್ಲಿ ಒಂದು ಗುಂಡಿ ಬೇಕು, ಕೆಳಗೆ ಎರಡು ಹಲಗೆ ಬೇಕು, ನಮ್ಮ ಹುಡುಗಿ ಕಾಲು ಇಳಿಬಿಟ್ಟು ಕೂತರೆ ಹಾಡುತ್ತಾಳೆ. ಡೈರೆಕ್ಟರು ಟೋಪಿ ತೆಗೆದು ಹೊಟ್ಟೆ ಹಿಡಿದುಕೊಂಡು ನಕ್ಕರು. ಆ ನಗೆಯಲ್ಲಿ ಹೀಯಾಳಿಕೆ ಇರಲಿಲ್ಲ. ಆ ಮನುಷ್ಯ ಚೆನ್ನಾಗಿರಲಿ, ಎಲ್ಲಿದ್ದರೂ. ಆಳುಗಳನ್ನು ಕರೆದು ಅಲ್ಲೇ ಗುದ್ದಲಿ ಹಾಕಿಸಿದರು. ಮಾಮ ಅಂಗಿ ಕಳಚಿ ತಾವೂ ಇಳಿದು, ಹಲಗೆಗಳನ್ನು ಹಗ್ಗದಲ್ಲಿ ಕಟ್ಟಿ ನೇತುಹಾಕಿದರು. ಗುಂಡಿಯ ಸುತ್ತ ಹಲಗೆಯ ಮೆಟ್ಟಿಲು ಜೋಡಿಸಿ, ಮುಂದೆ ತಗಡಿನ ತಟ್ಟೆಗಳಲ್ಲಿ ನೀರು ತುಂಬಿ ಕಾಗದದ ತಾವರೆ ತೇಲಿಬಿಟ್ಟರು. ಕಂಬಕ್ಕೆ ಒರಗಿದ್ದ ಗೆಳತಿ ತಾವರೆಕೊಳದ ಮೆಟ್ಟಿಲ ಮೇಲೆ ಕೂತ ಗೆಳತಿಯಾದಳು. ಅತ್ತೆ ಕಾಲು ಇಳಿಬಿಟ್ಟಳು, ಹಲಗೆ ಹುಡುಕಿದಳು, ತುಳಿದಳು. ದನಿ ಎದ್ದಿತು. ಗೊಣಗಿದ್ದ ತಬಲದವನು ಗಿಡದ ಸಂದಿನಿಂದ ತಲೆ ಹೊರಗೆ ಹಾಕಿ ಬೈಸಿಕೊಂಡ. ನನಗೆ ಮಾತ್ರ ಕಾಗದದ ತಾವರೆಗಳು ಅವಳ ಕಾಲಿನ ಲೆಕ್ಕಕ್ಕೆ ಸರಿಯಾಗಿ ನಡುಗುತ್ತಿದ್ದದ್ದು ಕಾಣುತ್ತಿತ್ತು.

ಪಡ ಊರಿಗೆ ಬರಲು ಕೆಲವು ತಿಂಗಳಾಯಿತು. ಅಲ್ಲಿಯವರೆಗೆ ಬೀದಿಯವರು ನಮ್ಮ ಪಾವಿಗೆ ಬರುತ್ತಲೇ ಇದ್ದರು, ಮಾತು ಮಾತ್ರ ಕಡಿಮೆಯಾಗಿತ್ತು. ಪಡ ಬಂದ ದಿನ ಸಂಜೆಯ ಆಟಕ್ಕೆ ಬೀದಿಗೆ ಬೀದಿಯೇ ಹೊರಟಿತು, ಯಜಮಾನರು ಕೋಟು ಹಾಕಿಕೊಂಡು ಎಲ್ಲರಿಗಿಂತ ಮುಂದೆ. ನಮ್ಮ ಮನೆಯಿಂದ ಯಾರೂ ಹೋಗಲಿಲ್ಲ. ಆಟ ಮುಗಿಸಿ ಬಂದವರ ಚಪ್ಪಲಿ ಸದ್ದು ನಮ್ಮ ಬಾಗಿಲ ಮುಂದೆ ಹಾದುಹೋಯಿತು, ಯಾರೂ ನಿಲ್ಲಲಿಲ್ಲ, ಯಾರೂ ಏನೂ ಅನ್ನಲಿಲ್ಲ. ಮಾರನೆಯ ಬೆಳಿಗ್ಗೆ ನಮ್ಮ ಪಾವು. ಮುಂದಕ್ಕೆ ಹಾಕೋಣವೆಂದು ಅಪ್ಪ ಅಂದರೆ ಅಜ್ಜಿ ಒಪ್ಪಲಿಲ್ಲ. "ಇವತ್ತಲ್ದಿದ್ರೆ ನಾಳೆ ನೋಡ್ಲೇಬೇಕಲ್ಲ. ಆಕು," ಎಂದಳು.

ಬೆಳಕು ಹರಿಯುವ ಹೊತ್ತಿಗೆ ಅಪ್ಪ, ಮಾಮ ಗಳು ನೆಟ್ಟರು. ಆ ಸದ್ದು ಬೀದಿಯಲ್ಲೆಲ್ಲ ಕೇಳಿತು. ಅಮ್ಮ, ಅಜ್ಜಿ, ನಾನು ಸೇರಿ ನೂಲು ಎಳೆದೆವು. ಅತ್ತೆ ಗಂಜಿಯ ಪಾತ್ರೆಯನ್ನು ಸೊಂಟಕ್ಕೆ ಇಟ್ಟುಕೊಂಡು ಯಜಮಾನರ ಬಾಗಿಲಿಗೆ ನೇರವಾಗಿ, ನೂಲಿನ ಈಚೆಗೆ ನಿಂತಳು. "ನೀ ಒಳೀಕೆ ಇರು ರುಕ್ಕಿ," ಎಂದು ಅಪ್ಪ ಅಂದದ್ದು ಅವಳಿಗೆ ಕೇಳಿಸಿದಂತಿರಲಿಲ್ಲ. ಒಂದು ಬಾಗಿಲೂ ತೆರೆಯಲಿಲ್ಲ. ನೀರು ಸೇದಲು ಬರುವ ಹೊತ್ತು, ಆದರೂ ಬಾವಿಯ ರಾಟೆ ಸದ್ದಿಲ್ಲ. ಬಾಗಿಲುಗಳ ಹಿಂದೆ ಜನ ನಿಂತಿರುವುದು ಗೊತ್ತಾಗುತ್ತಿತ್ತು, ಯಾವುದೋ ಮಗು ಅತ್ತರೆ ಯಾರೋ ಬಾಯಿ ಮುಚ್ಚಿಸುತ್ತಿದ್ದರು. ಎಲ್ಲರೂ ಯಜಮಾನರ ಬಾಗಿಲನ್ನೇ ಕಾಯುತ್ತಿದ್ದರು, ನಾವೂ. ಅಪ್ಪ ಮತ್ತು ಮಾಮ ಇಬ್ಬರೇ ಗಂಜಿ ಬಳಿಯುತ್ತಾ ಹೋದರು. ಒಂದು ಕೊನೆಯಲ್ಲಿ ಬಳಿಯುತ್ತಿದ್ದರೆ ಇನ್ನೊಂದು ಕೊನೆ ಒಣಗತೊಡಗಿತ್ತು. ಎದುರಿನ ಹಂಚುಗಳ ತುದಿಗೆ ಬಿಸಿಲು ತಗುಲಿತು. ಅಮ್ಮ ಅಳು ನುಂಗಿಕೊಂಡು ಎಳೆ ಬಿಡಿಸುತ್ತಿದ್ದಳು. ನಾನು ಅಮ್ಮನ ಉಗುರು ನೋಡಿ ಹೆದರಿ, ಗೋಡೆಯ ಕಡೆ ಮುಖ ತಿರುಗಿಸಿದೆ.

ಆಗ ಅಗಳಿ ತೆಗೆದ ಸದ್ದಾಯಿತು. ಯಜಮಾನರ ಬಾಗಿಲ ಅಗಳಿ, ಹಳೆಯ ಮರದ್ದು, ತೆಗೆಯುವಾಗ ನರಳುತ್ತಿತ್ತು. ಅವರು ಹೊರಗೆ ಬಂದರು. ತಲೆಯ ಮೇಲೆ ಜೇಡರ ಬಲೆ, ಭುಜದ ಮೇಲೆಲ್ಲ ಧೂಳು, ಕೈಯಲ್ಲಿ ಕುಂಚ. ವಯಸ್ಸಾಯಿತೆಂದು ಎಷ್ಟೋ ವರ್ಷದಿಂದ ಅವರು ಪಾವಿನ ಹತ್ತಿರ ನಿಂತು ಹೇಳುತ್ತಿದ್ದರೇ ಹೊರತು ಕುಂಚ ಮುಟ್ಟಿರಲಿಲ್ಲ. ಪಂಚೆ ಎತ್ತಿ ಕಟ್ಟುತ್ತಾ ಅಪ್ಪನಿಗೆ ಗದರಿದರು.

"ಯಾಕ್ಲಾ ಚೆನ್ನಪ್ಪ, ನೂಲು ಒಣಗ್ತಾ ಐತೆ, ಕಣ್ ಕಾಣಾಕಿಲ್ವಾ? ಕುಂಚ ಅಟ್ಟದ್ ಮ್ಯಾಗಿತ್ತು ಕಣಪ್ಪಾ. ಉಡ್ಕಾಕೆ ಒತ್ತಾಯ್ತು."

ಅಷ್ಟೇ. ಬೀದಿಯ ಬಾಗಿಲುಗಳು ಒಂದರ ಹಿಂದೊಂದು ತೆರೆದವು. ಬಾವಿಯ ರಾಟೆ ಕಿರುಗುಟ್ಟಿತು. ಎಲ್ಲಿದ್ದರೋ ಅಷ್ಟು ಜನ, ನೂಲಿನ ಎರಡೂ ಕಡೆ ತುಂಬಿಬಿಟ್ಟರು. ಯಾರೋ ನೀರು ಚಿಮುಕಿಸಿದರು, ಯಾರೋ ಅಮ್ಮನನ್ನು ಪಕ್ಕಕ್ಕೆ ಸರಿಸಿ ಎಳೆ ಹಿಡಿದರು. ಅಪ್ಪ ಗಳುವಿಗೆ ಒರಗಿ ಮುಖ ಒರೆಸಿಕೊಳ್ಳುತ್ತಲೇ ಇದ್ದರು, ಬೆವರೇ ಇರಲಿಲ್ಲ. ನಾನು ಬೀದಿಯ ಈ ಕೊನೆಯಿಂದ ಆ ಕೊನೆಗೆ ಸುಮ್ಮಸುಮ್ಮನೆ ಓಡಿದೆ. ಯಜಮಾನರು ಕುಂಚ ತೀಡುತ್ತಾ ಅತ್ತೆ ನಿಂತಲ್ಲಿಗೆ ಬಂದರು. ಕುಂಚವನ್ನು ಗಂಜಿಯಲ್ಲಿ ಅದ್ದುತ್ತಾ, ಅವಳ ಮುಖ ನೋಡದೆ ಕೇಳಿದರು: "ಗುಂಡಿ ಏಟು ಆಳ ತೋಡಿದ್ರವ್ವಾ?"

ಅತ್ತೆ ಬೆಚ್ಚಿದಳು. ಪಡದಲ್ಲಿ ಗುಂಡಿ ಕಾಣುವಂತಿರಲಿಲ್ಲ, ಮೆಟ್ಟಿಲು, ನೀರು, ತಾವರೆ ಮಾತ್ರ. "ಮೊಣಕಾಲ್ ಮಟ್ಟ, ಎಜಮಾನ್ರೇ."

"ಸಾಲ್ದು. ಅದ್ಕೇ ಎಡಬುಜ ಎತ್ಕೊಂಡಿತ್ತು. ಇನ್ನೊಂದು ಗೇಣು ತೋಡ್ಸಬೇಕಿತ್ತು," ಎಂದು ಹೇಳಿ ಕುಂಚ ತೀಡುತ್ತಾ ಮುಂದೆ ಹೋದರು. ಸುತ್ತ ನಿಂತವರೆಲ್ಲ ನಕ್ಕರು. ಅವರಿಗೂ ಗೊತ್ತಾಗಿತ್ತು. ಊರವರೆಲ್ಲ ಕೊಳದ ಮೆಟ್ಟಿಲ ಮೇಲೆ ಕೂತ ಗೆಳತಿಯನ್ನು ನೋಡಿದ್ದರು, ನಮ್ಮ ಬೀದಿಯವರು ಮಾತ್ರ ಅವಳ ಭುಜ ತೂಗುವುದನ್ನು ನೋಡಿ, ರುಕ್ಕಿ ಅಲ್ಲಿಯೂ ಮಗ್ಗದಲ್ಲೇ ಕೂತಿದ್ದಾಳೆಂದು ತಿಳಿದಿದ್ದರು. ಹೇಗೆ ಕೂರುತ್ತಾಳೆ ನೋಡಬೇಕು ಎಂದು ಯಜಮಾನರು ಅಂದಿದ್ದರಲ್ಲ, ನೋಡಿದ್ದರು. ಅತ್ತೆ ಪಾತ್ರೆಯನ್ನು ನನ್ನ ಕೈಗೆ ಕೊಟ್ಟು, ನಗುತ್ತಾ ಹೋಗಿ ಅಜ್ಜಿಯ ಹೆಗಲಿಗೆ ಮುಖವಿಟ್ಟಳು. ನಗು ಎಲ್ಲಿ ಅಳುವಾಯಿತೋ ತಿಳಿಯಲಿಲ್ಲ.

ಆಮೇಲಿನದು ನಿಮ್ಮಲ್ಲಿ ಹಿರಿಯರಾದವರಿಗೆ ಗೊತ್ತಿದ್ದೀತು, ಪಡದಲ್ಲಿ ಅವಳ ಹೆಸರು ಬೇರೆಯಿತ್ತು, ಅದನ್ನು ನಾನು ಹೇಳುವುದಿಲ್ಲ. ಪ್ಲೇಟುಗಳು ಬಂದವು, ಪಡಗಳು ಬಂದವು. ಅತ್ತೆ, ಮಾಮ ಮದ್ರಾಸಿಗೆ ಹೋದರು. ಅಲ್ಲಿ ಬಾಡಿಗೆ ಮನೆಯ ನೆಲ ಅಗೆದು ಮಗ್ಗ ಹೂಡಿದ್ದಕ್ಕೆ ಮನೆಯೊಡೆಯ ಜಗಳಕ್ಕೆ ಬಂದರೆ ಮಾಮ ಕೆಮ್ಮಿ ಕೆಮ್ಮಿ ಅವನನ್ನೇ ಸುಸ್ತು ಮಾಡಿದರಂತೆ. ಹಾಡನ್ನು ಬೇರೆಯಾಗಿ ಹಿಡಿಯುವ ಕಾಲ ಬಂದಾಗ ಅವಳು ಎತ್ತರದ ಕುರ್ಚಿಯಲ್ಲಿ ಕೂತು, ಕಾಲಡಿಗೆ ಜಮಖಾನ ಹಾಕಿಸಿಕೊಂಡು, ಅವರಿವರ ಮುಖಗಳಿಗೆ ಹಾಡಿದಳು. ದನಿ ದಪ್ಪವಾದ ಮೇಲೆ ತಾಯಿಯ ಪಾತ್ರಗಳು, ಕೂದಲು ನರೆತ ಮೇಲೆ ಅಜ್ಜಿಯ ಪಾತ್ರಗಳು. ಹಳೆಯ ಪಡಗಳು ಟೀವಿಯಲ್ಲಿ ಬಂದಾಗ ಗಮನಿಸಿ: ಅವಳು ನಿಂತು ಹಾಡುವುದೇ ಇಲ್ಲ. ತೊಟ್ಟಿಲ ಹಿಂದೆ, ಬೀಸುಕಲ್ಲಿನ ಹಿಂದೆ, ಗಾಡಿಯ ಮೇಲೆ, ಎಲ್ಲೋ ಒಂದು ಕಡೆ ಕಾಲು ಮರೆಮಾಡಿಕೊಂಡು ಕೂತಿರುತ್ತಾಳೆ. ಆ ಮೊದಲ ಪಡದ ಪ್ರತಿ ಈಗ ಎಲ್ಲೂ ಇಲ್ಲವಂತೆ. ನಮ್ಮ ಮನೆಯೂ ಇಲ್ಲ. ಗಂಜಿ ಹಾಕಿದ ನೂಲು ಗಿರಣಿಯಿಂದಲೇ ಬರತೊಡಗಿದ ಮೇಲೆ ಬೀದಿಯಲ್ಲಿ ಪಾವು ಎಳೆಯುವುದು ನಿಂತಿತು. ಹೋದ ಸಲ ನೋಡಿದಾಗ ಗಳು ನೆಡುತ್ತಿದ್ದ ಜಾಗದಲ್ಲಿ ಸ್ಕೂಟರುಗಳು ನಿಂತಿದ್ದವು, ಮಕ್ಕಳು ತಮಿಳಿನಲ್ಲಿ ಕೂಗಾಡುತ್ತಾ ಚೆಂಡಾಡುತ್ತಿದ್ದರು, ಬಾಗಿಲುಗಳೆಲ್ಲ ಕಬ್ಬಿಣದ್ದಾಗಿದ್ದವು.

ಅತ್ತೆಯ ಕೊನೆಯ ವರ್ಷಗಳಲ್ಲಿ ನಾನು ಆಗಾಗ ಹೋಗಿ ಅವಳ ಹತ್ತಿರ ಇರುತ್ತಿದ್ದೆ. ಮಾಮ ಅಷ್ಟು ಹೊತ್ತಿಗೆ ಇರಲಿಲ್ಲ. ಒಂದು ಮಧ್ಯಾಹ್ನ ಅವಳ ಸೀರೆಗೆ ಗಂಜಿ ಹಾಕಲು ಪಾತ್ರೆಯ ಮುಚ್ಚಳ ತೆಗೆದೆ. ವಾಸನೆ ಕೋಣೆಗೆ ಬಂದದ್ದೇ ಅವಳು ಕಣ್ಣು ತೆರೆದು, ಇಷ್ಟು ವರ್ಷ ಯಾರಿಗೂ ಹೇಳದ ಮಾತನ್ನು ಏನೂ ಅಲ್ಲವೆಂಬಂತೆ ಹೇಳಿದಳು.

"ಅವತ್ತು ಪಾವಿನ ಮುಂದೆ ನಿಂತಿದ್ನಲ್ಲ ಚೌಡಿ, ಚೌಡಮ್ಮಂಗೆ ಏಳ್ಕೊಂಡಿದ್ದೆ. ಬಿಸ್ಲು ನೂಲಿನ್ ಮ್ಯಾಕೆ ಬೀಳಾದ್ರೊಳಗೆ ಒಂದ್ ಬಾಗ್ಲಾದ್ರೂ ತೆಗೀದಿದ್ರೆ, ಇನ್ನು ಈ ಜನ್ಮದಾಗೆ ಬಾಯ್ ತೆಗೆದು ಒಂದ್ ಪದ ಏಳಾಕಿಲ್ಲ ಅಂತ. ಬಿಸ್ಲು ಎದ್ರು ಮನೆ ಅಂಚಿನ್ ಮ್ಯಾಗೆ ಬಂದ್ಬುಟ್ಟಿತ್ತು. ನೋಡಿದ್ಯಲ್ಲ ನೀನು."

ನೋಡಿದ್ದೆ. ಇಷ್ಟು ದಿನ ನೋಡಿದ್ದೇನೆಂದು ತಿಳಿದಿದ್ದೆ. ಪಾತ್ರೆಯನ್ನು ಹಾಗೇ ಹಿಡಿದುಕೊಂಡು ನಿಂತೆ. ಅವಳು ನಿದ್ದೆಗೆ ಜಾರಿದಳು, ಹೊದಿಕೆಯ ಕೆಳಗೆ ಕಾಲು ಸುಮ್ಮನಿತ್ತು. ಈಗಲೂ ಗಂಜಿಯ ಮುಚ್ಚಳ ತೆಗೆದಾಗಲೆಲ್ಲ ನನಗೆ ಮೊದಲು ಆ ಮುಚ್ಚಿದ ಬಾಗಿಲುಗಳೇ ಕಾಣುತ್ತವೆ. ಅವಳು ಹಾಡಬೇಕಾಗಿದ್ದ ಅಷ್ಟೂ ಹಾಡು, ತೂಗಬೇಕಾಗಿದ್ದ ಅಷ್ಟೂ ತೊಟ್ಟಿಲು, ಸೊಂಟದ ಮೇಲೆ ಗಂಜಿಯ ಪಾತ್ರೆ ಇಟ್ಟುಕೊಂಡು ಬೀದಿಯಲ್ಲಿ ಕಾಯುತ್ತಾ ನಿಂತಿದೆ. ಎದುರು ಮನೆಯ ಅಟ್ಟದ ಮೇಲೆ ಒಬ್ಬ ಮುದುಕ ಕತ್ತಲೆಯಲ್ಲಿ ಕೈಯಾಡಿಸುತ್ತಾ ತನ್ನ ಹಳೆಯ ಕುಂಚವನ್ನು ಹುಡುಕುತ್ತಿದ್ದಾನೆ. ಸಿಗುತ್ತದೆ ಎಂದು ನನಗೆ ಗೊತ್ತು. ಆದರೂ ಅಗಳಿಯ ಸದ್ದು ಕೇಳುವವರೆಗೆ ನಾನು ಉಸಿರು ಬಿಡುವುದಿಲ್ಲ.